ನೂರಕ್ಕೆ ಒಂದು

ಮಾರ್ಚ್ 3, ಬೆಳಿಗ್ಗೆ 9
ಖಗೋಳ ವಿಜ್ಞಾನಿಯಾದ ತಪ್ಪಿಗೆ ಮತ್ತೆ ಟಿವಿ ಸ್ಟುಡಿಯೊ. ಮತ್ತೆ ಅದೇ ಪ್ರಶ್ನೆ — "ಮೇಡಂ, ಬಂಡೆ ನಮ್ಮ ತಲೆ ಮೇಲೆ ಬೀಳುತ್ತಾ?" ಈ ಕ್ಷುದ್ರಗ್ರಹ ಅಪ್ಪಳಿಸುವ ಸಾಧ್ಯತೆ ನೂರಕ್ಕೆ ಒಂದು, ಅದೂ ಏಳು ವರ್ಷದ ಮೇಲೆ, ಇನ್ನಷ್ಟು ಅಳೆದರೆ ಸೊನ್ನೆಯೂ ಆಗಬಹುದು ಎಂದೆ. ನಿರೂಪಕ ಮುಖ ಹುಳ್ಳಗೆ ಮಾಡಿದ. ತಮ್ಮ ಫೋನ್ ಮಾಡಿದ: "ಅಕ್ಕಾ, ನೀನು ಹೆದರ್ಸೋದಿಲ್ಲ, ನಿದ್ದೆ ಬರಿಸ್ತೀಯ."

ಮಾರ್ಚ್ 4
ವಿಡಿಯೊ ಕತ್ತರಿಸಿದ್ದಾರೆ. "ಬಿದ್ದರೆ ಇಡೀ ನಗರ ಉಳಿಯುವುದಿಲ್ಲ" — ನನ್ನದೇ ದನಿ, ಅಷ್ಟೇ ಉಳಿಸಿದ್ದಾರೆ; ನೂರಕ್ಕೆ ಒಂದು, ಏಳು ವರ್ಷ ಎಂದದ್ದು ಇಲ್ಲ. ಕೆಳಗೆ ಯಾರೋ 'ಇಂದು ಸಂಜೆ' ಎಂದು ಸೇರಿಸಿದ್ದಾರೆ. ಊರು ಬಿಡಲು ಜನ ಮುಗಿಬಿದ್ದು ಬಸ್ ನಿಲ್ದಾಣದಲ್ಲಿ ಕಾಲ್ತುಳಿತ. ಹನ್ನೊಂದು ಸಾವು. ಬಾಗಿದ ಕಂಬಿಗೆ ಕೂದಲು, ರಕ್ತ...

ಮಾರ್ಚ್ 9
ಹೊಸ ಅಳತೆ ಬಂತು. ಸೊನ್ನೆ. ಜನರಿಗೆ ಹೇಳಲು ಸಭಾಂಗಣಕ್ಕೆ ಹೋದೆ, ಜೊತೆಗೆ ತಮ್ಮ. ಎರಡನೇ ಸಾಲಿನಿಂದ ಒಬ್ಬ ಎದ್ದ — ಬಸ್ ಕಂಡಕ್ಟರ್, ಯೂನಿಫಾರ್ಮ್‌ನಲ್ಲೇ.
"ಈಗ ಸೊನ್ನೆನಾ? ನನ್ ಹೆಂಡ್ತೀನ ಮಣ್ಣು ಮಾಡಿ ಬಂದ್ಮೇಲೆ ಸೊನ್ನೆನಾ?"
ಕಬ್ಬಿಣದ ಕುರ್ಚಿ ಬೀಸಿದ. ಎಡಗೈ ಅಡ್ಡ ಕೊಟ್ಟೆ. ಮೂಳೆ ಲಟಕ್ಕೆಂದದ್ದು ಕೇಳಿಸಿತು. ತಮ್ಮ ಅವನನ್ನು ಕೆಡವಿ, ತಲೆಯನ್ನು ವೇದಿಕೆಯ ಮೆಟ್ಟಿಲಿಗೆ ಜಜ್ಜಿದ. ಮತ್ತೆ. ಮತ್ತೆ. "ಬಿಡೋ, ಸತ್ತೋಗ್ತಾನೆ!" ಎಂದು ಕಿರುಚಿದೆ. ಬಿಡಲಿಲ್ಲ. ಜನ ತಮ್ಮನ ಮೇಲೆ ಬಿದ್ದು ಮುಖಕ್ಕೆ ಒದ್ದರು.

ಮಾರ್ಚ್ 16
ತಮ್ಮ ಲಾಕಪ್‌ನಲ್ಲಿ. ಮುಂದಿನ ನಾಲ್ಕು ಹಲ್ಲಿಲ್ಲ. ಇನ್ಸ್‌ಪೆಕ್ಟರ್ ಹೇಳಿದರು: "ನಿಮ್ಮನ್ನ ಕೊಲ್ಲೋಕೆ ಬಂದ ಅಂತ ಕಂಡಕ್ಟರ್ ಮೇಲೆ ಕಂಪ್ಲೇಂಟ್ ಕೊಡಿ ಮೇಡಂ. ನಿಮ್ಮ ತಮ್ಮನ ಕೇಸು ಹಗುರಾಗುತ್ತೆ."
ಕೊಡಲಿಲ್ಲ. ಅಮ್ಮ ಮಾತು ಬಿಟ್ಟಿದ್ದಾಳೆ.

ಮಾರ್ಚ್ 18, ಮಧ್ಯಾಹ್ನ 12
ಆಸ್ಪತ್ರೆಗೆ ಹೋದೆ. ಕಂಡಕ್ಟರ್‌ಗೆ ಎಚ್ಚರ ಬಂದಿದೆ. ಬಲಗಣ್ಣು ಹೋಗಿದೆ. ಕೈಗೆ ಸಿಗದಷ್ಟು ದೂರ ನಿಂತೆ.
"ಸರಿಯಾಗಿ ಹೇಳಿ. ಬೀಳುತ್ತಾ?"
"ಬೀಳಲ್ಲ."
"ಹೆಂಗೆ ಗೊತ್ತು?"
ಹತ್ತಿರ ಹೋಗಿ ಕುಳಿತೆ. ಔಷಧಿ ಚೀಟಿಯ ಹಿಂದೆ ಭೂಮಿ ಬರೆದೆ, ಬಂಡೆಯ ದಾರಿ ಬರೆದೆ, ನಡುವಿನ ದೂರ. ಅರ್ಧ ಗಂಟೆ ಕೇಳಿದ. ಮಧ್ಯೆ ಮಧ್ಯೆ ಪ್ರಶ್ನೆ, ಒಳ್ಳೆಯ ಪ್ರಶ್ನೆಗಳು. ಕೊನೆಗೆ ಆ ದೂರದ ಮೇಲೆ ಬೆರಳಿಟ್ಟ.
"ಇಷ್ಟು ಗೊತ್ತಿದ್ದಿದ್ರೆ ಅವಳು ಓಡ್ತಿರ್ಲಿಲ್ಲ, ಅಲ್ವಾ?"
"ಓಡ್ತಿರ್ಲಿಲ್ಲ."
ಚೀಟಿ ಕಿತ್ತುಕೊಂಡ. ಹರಿದು ಹಾಕುತ್ತಾನೆ ಎಂದುಕೊಂಡೆ. ಪಕ್ಕದ ಹಾಸಿಗೆಯವನತ್ತ ತಿರುಗಿಸಿ ಹಿಡಿದ — "ನೋಡಿ, ಇದು ಬಂಡೆ. ಇದು ನಾವು. ಇಲ್ಲಿ..." ಹೇಳುತ್ತ ಹೇಳುತ್ತ, ಉಳಿದ ಒಂದು ಕಣ್ಣಿನಲ್ಲಿ ಅಳತೊಡಗಿದ. ನಾನು ಅವನ ಕೈ ಹಿಡಿದುಕೊಂಡೆ.