ತೋಪು ಬೇಡ, ಕೊಕ್ಕೆ ಬೇಕು

ಶಿಬೆನಿಕ್ ಬಂದರು, ನವೆಂಬರ್ 1944

ಕಮಾಂಡರ್ ಅವರಿಗೆ,

ಹಡಗೆಳೆಯುವ ನಮ್ಮ ಉಗಿದೋಣಿ 'ಸ್ಲೋಗಾ'ಕ್ಕೆ ಇನ್ನೊಂದು ತೋಪು ಕಳಿಸುವುದಾಗಿ ಬರೆದಿದ್ದೀರಿ. ದಯವಿಟ್ಟು ಬೇಡ. ಮೊದಲನೆಯದನ್ನು ಕೂರಿಸಲು ಎಳೆಯುವ ಕೊಕ್ಕೆಯನ್ನೇ ಕಿತ್ತು ಹಾಕಿದಿರಿ. ಆ ತೋಪಿಗೆ ಹೆದರಿದ್ದು ಕಡಲಹಕ್ಕಿಗಳು ಮಾತ್ರ.

ಕಳೆದ ವಾರ ಬಾಂಬು ಬಿದ್ದು ಉರಿಯುತ್ತಿದ್ದ ಸರಕಿನ ಹಡಗು ಬಂಡೆಗಳತ್ತ ತೇಲುತ್ತಿತ್ತು. ಅದರ ಮೇಲಿದ್ದ ನನ್ನ ತಮ್ಮ ಯಾಕೊವ್, "ಅಣ್ಣಾ, ಆ ತೋಪು ಬಿಟ್ಟು ಹಗ್ಗ ಎಸಿಯೋ. ಎಳೆಯೋದೇ ಮರ್ತ್‌ಹೋಯ್ತೇನೋ?" ಎಂದು ಕೂಗಿದ. ಕೊಕ್ಕೆಯಿಲ್ಲದೆ ಹಗ್ಗವನ್ನು ನಮ್ಮ ದೋಣಿಯ ಅಂಚಿನ ಗೂಟಕ್ಕೆ ಕಟ್ಟಿದೆವು. ಎಳೆಯುತ್ತಲೇ ಗೂಟ ಕಿತ್ತು ಬಂತು. ಇನ್ನೊಮ್ಮೆ ಕಟ್ಟಲು ಸಮಯವಿರಲಿಲ್ಲ. ಹಡಗು ಬಂಡೆಗೆ ಬಡಿದು ಮುಳುಗಿತು.

ಹಳೆಯ ಕೊಕ್ಕೆ ನಿಮ್ಮ ಉಗ್ರಾಣದ ಹಿಂದೆ ಬಿದ್ದಿದೆ. ತುಕ್ಕು ಹಿಡಿದಿದ್ದರೂ ಸರಿ, ಅದನ್ನೇ ಕೊಡಿಸಿ. ಜೊತೆಗೆ ಒಬ್ಬ ಗಟ್ಟಿ ಆಳನ್ನೂ ಕಳಿಸಿ. ಮುಂಚೆ ಅದರ ಇನ್ನೊಂದು ತುದಿಯನ್ನು ಯಾಕೊವ್ ಎತ್ತುತ್ತಿದ್ದ.

ಇಂತಿ,
ಫ್ರಾನೆ, 'ಸ್ಲೋಗಾ'ದ ಕಪ್ತಾನ