ಕೂರಿಸದೆ ಬಿಟ್ಟ ಕಲ್ಲು

ಇಲಕಲ್ಲ,
೧೪ ಸಪ್ಟೆಂಬರ ೧೯೫೮

ಮಲಿಕಾಳ ಅಬ್ಬಾ ಅವರಿಗೆ ಜೈನಬಿಯ ಸಲಾಮು.

ನಿಮ್ಮ ಕೆಮ್ಮು ಹೇಗಿದೆ? ವಿಜಾಪುರದ ಖಾನಾವಳಿಯ ಖಾರ ನಿಮಗೆ ಒಗ್ಗುವುದಿಲ್ಲ, ಬೇಡವೆಂದರೆ ಬಿಡುವವರೂ ನೀವಲ್ಲ. ರಾತ್ರಿ ಬಿಸಿನೀರಾದರೂ ಕುಡಿಯಿರಿ. ಇಲ್ಲಿ ಮಲಿಕಾ ಚೆನ್ನಾಗಿದ್ದಾಳೆ, ನಿಮ್ಮ ಹಾಗೆಯೇ ಮೂಗಿನ ತುದಿಯಲ್ಲಿ ಸಿಟ್ಟು. ನಾನು ನೇಕಾರರ ಮನೆಗಳಿಗೆ ನೂಲು ಸುತ್ತಿಕೊಟ್ಟು ಒಲೆ ಹೊತ್ತಿಸುತ್ತಿದ್ದೇನೆ. ಕೋರ್ಟಿನ ತಾರೀಖು ಮತ್ತೆ ಮುಂದಕ್ಕೆ ಹೋಯಿತೆಂದು ಬರೆದಿದ್ದೀರಿ. ಓದಿ ನಗು ಬಂತು. ಅತ್ತು ಅತ್ತು ಬೇಸರವಾಗಿದೆ.

ಸರ್ಕಾರದ ಗುತ್ತಿಗೆ ಹಿಡಿದು ಹುನಗುಂದದ ದಾರಿಯ ಹಳ್ಳಕ್ಕೆ ಸೇತುವೆ ಕಟ್ಟಿದಿರಿ. ಗಟ್ಟಿ ಕೆಲಸ, ಅದರಲ್ಲಿ ಮಾತಿಲ್ಲ. ಆದರೆ ತಡೆಗೋಡೆಯ ಕೊನೆಯ ಕಲ್ಲನ್ನು ಕೂರಿಸದೆ ಬಿಟ್ಟಿರಿ. ಕಟ್ಟಿಸಿದವರು ಕೂಲಿ ಚುಕ್ತಾ ಮಾಡಿ, ಮೇಸ್ತ್ರಿಯ ತಲೆಗೆ ರುಮಾಲು ಸುತ್ತಿ, ಸಕ್ಕರೆ ಹಂಚಿದ ಮೇಲೆಯೇ ಆ ಕಲ್ಲು ಕೂರಬೇಕೆಂಬುದು ನಿಮ್ಮ ಅಜ್ಜನ ಕಾಲದ ಪದ್ಧತಿ. ಬಾವಿ ಕಟ್ಟಿಸಿದ ಗೌಡರೂ ಅದನ್ನು ನಡೆಸಿದ್ದಾರೆ. ಸರ್ಕಾರದಲ್ಲಿ ರುಮಾಲು ಸುತ್ತುವವರು ಯಾರು? ಕೆಲಸ ಅಪೂರ್ಣವೆಂದು ಬರೆದು ಬಿಲ್ಲು ತಡೆದರು. 'ರೊಕ್ಕಾ ಕೊಡ್ರಿ, ಕಲ್ಲು ಕೂಡಸ್ತೇನಿ' ಅಂದಿರಿ ನೀವು. 'ಮೊದಲ ಕೂಡಸು, ಆಮ್ಯಾಲ ನೋಡೂಣು' ಅಂದರು ಅವರು. ದಾವೆ ಹೂಡಿದಿರಿ. ಅಷ್ಟರಲ್ಲಿ ರಾಜ್ಯವೇ ಬದಲಾಯಿತು. ಹಳೆಯ ಸರ್ಕಾರ ಹೊಸದನ್ನು ಕೇಳು ಅಂತು, ಹೊಸದು ಹಳೆಯದನ್ನು ಕೇಳು ಅಂತು. ಈಗ ನಿಮ್ಮ ವಕೀಲ ಪ್ರಾಣೇಶರಾಯರ ಅಪ್ಪಣೆ ಬೇರೆ: 'ಆ ಕಲ್ಲಿಗೆ ಕೈ ಹಚ್ಚಬ್ಯಾಡ್ರಿ, ದಾವಾ ಅದರ ಮ್ಯಾಲ ನಿಂತದ.' ಈಗ ಕೂರಿಸಿದರೆ ಕೆಲಸ ಅರ್ಧಕ್ಕೆ ಬಿಟ್ಟದ್ದು ನಮ್ಮದೇ ತಪ್ಪೆಂದು ಒಪ್ಪಿಕೊಂಡಂತಂತೆ. ಕಲ್ಲು ಹಳ್ಳದ ದಂಡೆಯಲ್ಲೇ ಬಿದ್ದಿತ್ತು, ಆಡು ಕಾಯುವವರು ಅದರ ಮೇಲೆ ಕೂತು ರೊಟ್ಟಿ ತಿನ್ನುತ್ತಿದ್ದರು.

ಹೋದ ವಾರ ತಡೆಗೋಡೆಯ ಕಲ್ಲಿಲ್ಲದ ಆ ಸಂದಿನಿಂದ ಸಾವಂತ್ರವ್ವ ಕೆಳಗೆ ಬಿದ್ದಳು. ನಮ್ಮ ಓಣಿಯವಳು, ಮಲಿಕಾ ಹುಟ್ಟಿದಾಗ ನನಗೆ ಬಾಣಂತಿಯರಿಗೆ ಕೊಡುವ ಅಳ್ವಿ ಪಾಯಸ ಮಾಡಿ ಕುಡಿಸಿದವಳು. ಸಂತೆಯ ಬಂಡಿಗೆ ದಾರಿ ಬಿಡಲು ಬದಿಗೆ ಸರಿದಳು, ಗೋಡೆಯಿದೆಯೆಂದು ಒರಗಿದಳು. ಸೊಂಟ ಮುರಿದಿದೆ. ದವಾಖಾನೆಗೆ ಹೋಗಿ ತಲೆ ತಗ್ಗಿಸಿ ನಿಂತೆ. ಅವಳು ಬಯ್ಯಲಿಲ್ಲ. 'ಯಾಕೂಬಸಾಬಗ ಸರಕಾರದವ್ರು ಇನ್ನೂ ರೊಕ್ಕಾ ಕೊಟ್ಟಿಲ್ಲೇನವಾ?' ಅಂತ ಕೇಳಿದಳು. ಬೈದಿದ್ದರೆ ಚೆನ್ನಾಗಿತ್ತು. ನನಗೆ ಸರ್ಕಾರದ ಮೇಲೆಷ್ಟು ಸಿಟ್ಟಿದೆಯೋ ನಿಮ್ಮ ಮೇಲೂ ಅಷ್ಟೇ ಇದೆ, ಮುಚ್ಚಿಡುವುದಿಲ್ಲ. ಇಷ್ಟು ವರ್ಷ ನಿಮ್ಮ ಹಟಕ್ಕೆ ಹೂಂಗುಟ್ಟಿದ ನನ್ನ ಮೇಲೂ ಇದೆ. ಅವಳು ಇನ್ನು ಮೊದಲಿನಂತೆ ನಡೆಯುವುದು ಕಷ್ಟವೆಂದು ಡಾಕ್ಟರು ಹೇಳಿದರು.

ಶಾಲು ಹೊದ್ದು ಮಲಗಿ. ಮಲಿಕಾ ಸಲಾಮು ಹೇಳಿದ್ದಾಳೆ. ಖುದಾ ನಿಮ್ಮ ಎದೆಗೆ ಆರೋಗ್ಯ ಕೊಡಲಿ, ತಲೆಗೆ ತಂಪು ಕೊಡಲಿ.

ನಿಮ್ಮ
ಜೈನಬಿ

ತಾ. ಕ.: ಕಾಗದ ಒಯ್ಯುವ ರಾಜಮಹ್ಮದ ಬಾಗಿಲಲ್ಲಿ ನಿಂತಿದ್ದಾನೆ, ಮೋಟಾರು ತಪ್ಪುತ್ತದೆಂದು ಅವಸರ ಮಾಡುತ್ತಿದ್ದಾನೆ. ನಿನ್ನೆ ನಿಮ್ಮ ಜೊತೆ ಕಲ್ಲುಕೆಲಸ ಮಾಡುವ ಗೌಸಸಾಬನ ಕೈಯಿಂದ ಆ ಕಲ್ಲು ಕೂರಿಸಿಬಿಟ್ಟೆ. ಪದ್ಧತಿ ತಪ್ಪಿಸಲಿಲ್ಲ. ದಾವೆ ಗೆದ್ದ ದಿನ ನೀವು ಸುತ್ತಿಕೊಳ್ಳಬೇಕೆಂದು ಪೆಟ್ಟಿಗೆಯಲ್ಲಿಟ್ಟಿದ್ದ ಜರಿ ರುಮಾಲನ್ನು ಅವನ ತಲೆಗೆ ಸುತ್ತಿಸಿದೆ, ಸಕ್ಕರೆ ಹಂಚಿದೆ. ಸಕ್ಕರೆ ಹಂಚಿದರೆ ಊರು ಕೇಳದೆ ಬಿಡುತ್ತದೆಯೇ? ಸರ್ಕಾರದ ದುಡ್ಡು ಬಂತು ಅಂದುಬಿಟ್ಟೆ. ಸಾವಂತ್ರವ್ವ ಮಲಗಿದಲ್ಲಿಂದಲೇ ಕೈಯೆತ್ತಿ ನಿಮ್ಮನ್ನು ಹರಸಿದಳು. ವಕೀಲರಿಗೆ ಏನು ಹೇಳುತ್ತೀರೋ ಹೇಳಿ, ಇನ್ನು ಮನೆಗೆ ಬನ್ನಿ. ಬರುವಾಗ ಮಾತ್ರ ದುಡ್ಡು ಕೈಗೆ ಬಂದವರ ಮುಖ ಮಾಡಿಕೊಂಡು ಬನ್ನಿ.