ಬ್ರೆಡ್ಡಂಗಡಿಯ ಕಿಟಕಿಯ ಚಿತ್ರ

ಲಂಡನ್, ಜುಲೈ 1953

ಅಪ್ಪನಿಗೆ,

ರಾಷ್ಟ್ರೀಯ ಕ್ರೀಡಾಕೂಟದ ಮೈಲಿ ಓಟ ಮುಗಿಯಿತು. ನಾನು ಜನರ ನಡುವೆ ಕೂತು ನೋಡಿದೆ.

ನಮ್ಮ ಅಂಗಡಿಯ ಕಿಟಕಿಗೆ ನನ್ನ ಚಿತ್ರ ಅಂಟಿಸಿ, ಕೆಳಗೆ ‘ಇವನು ತಿನ್ನುವುದು ನಮ್ಮ ಬ್ರೆಡ್ಡು’ ಎಂದು ಬರೆಸಿದ್ದೆಯಲ್ಲ, ಅದರ ಫೋಟೋವನ್ನು ನೀನೇ ಹೆಮ್ಮೆಯಿಂದ ಕ್ರೀಡಾಕೂಟ ನಡೆಸುವ ಸಂಘದ ಕಾರ್ಯದರ್ಶಿಗೆ ಕಳಿಸಿದ್ದೆಯಂತೆ. ಅವರು ಅದನ್ನು ನನ್ನ ಮುಂದೆ ಹಿಡಿದು, “ನಿಮ್ಮ ತಂದೆ ಒಳ್ಳೇ ಮನುಷ್ಯ ಕಣಪ್ಪ. ಆದ್ರೆ ನಮ್ಮ ಕೂಟ ಹವ್ಯಾಸಿಗಳಿಗೆ ಮಾತ್ರ. ವ್ಯಾಪಾರಕ್ಕೆ ಹೆಸರು ಮಾರ್ಕೊಂಡೋನು ಹವ್ಯಾಸಿ ಓಟಗಾರ ಆಗಲ್ಲ. ಇನ್ನು ನಮ್ಮ ಯಾವ ಓಟಕ್ಕೂ ನೀನಿಲ್ಲ” ಅಂದರು. ಅವರ ಕೈಯಲ್ಲಿದ್ದ ಕ್ರೀಡಾಕೂಟದ ಪುಸ್ತಿಕೆಯ ಬೆನ್ನಿಗೆ ಬಿಯರ್ ಜಾಹೀರಾತಿತ್ತು.

ಗೆದ್ದವನು ಬೋಲ್ಟನ್ನಿನ ಎಡ್ಗರ್, ಮೊನ್ನೆ ಮೊನ್ನೆ ನನ್ನ ಹಿಂದೆ ಏದುಸಿರು ಬಿಟ್ಟವನು. ಮೈದಾನದ ಬಾಗಿಲಲ್ಲಿ ಸಿಕ್ಕಿ, “ಏನೋ ಕ್ಲೆಮ್, ನಿಮ್ಮಪ್ಪ ಬ್ರೆಡ್ಡಿನ ಜೊತೆ ನಿನ್ನೂ ತೂಗಿ ಮಾರಿದ್ನಂತೆ?” ಎಂದು ನಕ್ಕ. ನಾನೂ ನಕ್ಕೆ.

ನನ್ನ ಕಾಲು ಉಳುಕಿತೆಂದು ಅಮ್ಮನಿಗೆ ಹೇಳು. ಸ್ಟೇಷನ್ನಿಗೆ ಊರಿನ ಬ್ಯಾಂಡಿನವರು ಬಾರದಂತೆ ನೋಡಿಕೋ. ಸೋಮವಾರದಿಂದ ಹಿಟ್ಟು ನಾದಲು ನಾನಿರುತ್ತೇನೆ, ಬೇರೆ ಆಳು ಹುಡುಕಬೇಡ.

ಕಿಟಕಿಯ ಚಿತ್ರ ತೆಗೆಯಬೇಡ. ಮಾಡಬೇಕಾದ್ದನ್ನು ಅದು ಮಾಡಿಯಾಗಿದೆ. ಇನ್ನು ಬ್ರೆಡ್ಡಾದರೂ ಖರ್ಚಾಗಲಿ.

ನಿನ್ನ ಮಗ,
ಕ್ಲೆಮೆಂಟ್